ಸಭೆ, ಶಾಲೆ, ಹಂಚಿನ ಕಾರ್ಖಾನೆ: ಕರಾವಳಿಯ ಬಾಸೆಲ್ ಮಿಷನ್ ಬಗ್ಗೆ

ಕನ್ನಡನಾಡಿನ ಕ್ರೈಸ್ತ ಚರಿತ್ರೆಯ ಮಾತು ಬಂದಾಗಲೆಲ್ಲ ನಾವು ಮೊದಲು ನೆನೆಯುವುದು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ನಿಘಂಟನ್ನು, ಆಮೇಲೆ 1843ರ ಜುಲೈ 1ರಂದು ಹೆರ್ಮನ್ ಮೋಗ್ಲಿಂಗ್ ಕಲ್ಲಚ್ಚಿನಲ್ಲಿ ಹೊರತಂದ ‘ಮಂಗಳೂರ ಸಮಾಚಾರ’ ಪತ್ರಿಕೆಯನ್ನು. ಬಾಸೆಲ್ ಮಿಷನ್ನಿನ ಈ ಇಬ್ಬರು ಪಾದ್ರಿಗಳ ಋಣ ದೊಡ್ಡದು, ಅದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಅವರ ಪಾಂಡಿತ್ಯವನ್ನು ಕೊಂಡಾಡುವ ಭರದಲ್ಲಿ, ಅವರು ಯಾರ ನಡುವೆ ಕೆಲಸ ಮಾಡಿದರೋ ಆ ಸಾಮಾನ್ಯ ಜನರನ್ನು, ಅಂದರೆ ತಮ್ಮ ಕುಟುಂಬ, ಕಸುಬು, ಗೇಣಿಭೂಮಿ ಎಲ್ಲವನ್ನೂ ಪಣಕ್ಕಿಟ್ಟು ಹೊಸ ಸಭೆಗೆ, ಎಂದರೆ ಚರ್ಚಿಗೆ, ಸೇರಿದ ತುಳುನಾಡಿನವರನ್ನು, ನಾವು ಮರೆತಿದ್ದೇವೆ. ಕ್ರೈಸ್ತ ಧರ್ಮ ಕರಾವಳಿಯ ಸಮಾಜದಲ್ಲಿ ಏನು ಮಾಡಿತು, ಅದರ ಪಾತ್ರ ಹೇಗೆ ಬದಲಾಯಿತು ಎಂಬುದು ತಿಳಿಯಬೇಕಾದರೆ ನಿಘಂಟಿಗಿಂತ ಮೊದಲು ಆ ಜನರ ಹೊಟ್ಟೆಪಾಡನ್ನು ನೋಡಬೇಕೆಂದು ನಾನು ನಂಬಿದ್ದೇನೆ.

ಮಂಗಳೂರಿಗೆ ಕ್ರೈಸ್ತ ಧರ್ಮ ಹೊಸದೇನೂ ಆಗಿರಲಿಲ್ಲ. ಪೋರ್ಚುಗೀಸರ ಕಾಲದಲ್ಲೇ ಇಲ್ಲಿ ಇಗರ್ಜಿಗಳು ಎದ್ದಿದ್ದವು. ಗೋವೆಯಿಂದ ಬಂದು ನೆಲೆಸಿದ ಕೊಂಕಣಿ ಕಥೋಲಿಕರು 1784ರಲ್ಲಿ ಟಿಪ್ಪುವಿನ ಸೆರೆಗೆ ಸಿಕ್ಕಿ, ಅವನ ಪತನದ ನಂತರ ಮರಳಿ ಬಂದು ಬದುಕು ಕಟ್ಟಿಕೊಂಡಿದ್ದರು. ಆ ಸಮಾಜ ತನ್ನ ಮೂಲದ ಜಾತಿಭೇದಗಳನ್ನು ಬಹುಮಟ್ಟಿಗೆ ಜೊತೆಗೇ ತಂದಿತ್ತು. 1834ರಲ್ಲಿ ಸ್ಯಾಮ್ಯುವೆಲ್ ಹೆಬಿಕ್, ಲೇನರ್, ಗ್ರೈನರ್ ಎಂಬ ಮೂವರು ಬಾಸೆಲ್ ಮಿಷನರಿಗಳು ಮಂಗಳೂರಿಗೆ ಬಂದಾಗ ಅವರ ಹಾದಿ ಬೇರೆಯೇ ಆಗಿತ್ತು. 1815ರಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್ ನಗರದಲ್ಲಿ ಹುಟ್ಟಿದ ಈ ಮಿಷನ್ನಿನ ಕೆಲಸಗಾರರಲ್ಲಿ ಹೆಚ್ಚಿನವರು ದಕ್ಷಿಣ ಜರ್ಮನಿಯ ವ್ಯುರ್ಟೆಂಬರ್ಗ್ ಸೀಮೆಯ ರೈತರ, ಕುಶಲಕರ್ಮಿಗಳ ಮಕ್ಕಳು. ದುಡಿಮೆಯೂ ಭಕ್ತಿಯೂ ಬೇರೆಬೇರೆಯಲ್ಲ ಎಂಬ ನಂಬಿಕೆ ಅವರ ರಕ್ತದಲ್ಲೇ ಇತ್ತು. ಸಭೆಯೊಳಗೆ ಜಾತಿಯನ್ನು ಉಳಿಸಿಕೊಳ್ಳಕೂಡದು ಎಂಬುದು ಅವರ ಕಟ್ಟುನಿಟ್ಟಾದ ನಿಲುವು.

ಆರಂಭದಲ್ಲಿ ಊರಿಗೆ ಊರೇ ಗಮನಿಸಿದ್ದು 1844ರ ದೀಕ್ಷಾಸ್ನಾನವನ್ನು. ಮಿಷನ್ನಿನ ಇಂಗ್ಲಿಷ್ ಶಾಲೆಯಲ್ಲಿ ಓದುತ್ತಿದ್ದ ಸಾರಸ್ವತ ತರುಣ ಆನಂದರಾವ್ ಕೌಂಡಿನ್ಯ ಅಂದು ಕ್ರೈಸ್ತನಾದ. ಮುಂದೆ ಬಾಸೆಲ್‌ಗೆ ಹೋಗಿ ಕಲಿತು ಪಾದ್ರಿಯಾಗಿ ಮರಳಿದ. ಮೇಲ್ಜಾತಿಯ ವಿದ್ಯಾವಂತರು ಅವನ ಹಿಂದೆ ಸಾಲುಗಟ್ಟಿ ಬರುತ್ತಾರೆಂಬ ಮಿಷನರಿಗಳ ನಿರೀಕ್ಷೆ ಈಡೇರಲಿಲ್ಲ. ಬಂದವರಲ್ಲಿ ದೊಡ್ಡ ಪಾಲು ಬಿಲ್ಲವರು. ದೇವಸ್ಥಾನದೊಳಗೆ ಪ್ರವೇಶವಿಲ್ಲದ, ಭೂಮಾಲೀಕರ ಕೈಕೆಳಗೆ ಗೇಣಿ ಮಾಡುತ್ತಿದ್ದ, ತೆಂಗು ತಾಳೆಗಳಿಂದ ಕಳ್ಳು ಇಳಿಸುವ ಮೂರ್ತೆಯ ಕಸುಬಿನ ಜನ ಅವರು.

ಇಲ್ಲಿಯೇ ಕಗ್ಗಂಟು ಹುಟ್ಟಿತು. ಕಳ್ಳಿನ ಕಸುಬು ಕ್ರೈಸ್ತನಿಗೆ ಸಲ್ಲದು ಎಂದು ಮಿಷನ್ ಹೇಳಿತು, ಹೀಗಾಗಿ ದೀಕ್ಷೆ ಪಡೆದ ದಿನವೇ ಮೂರ್ತೆದಾರನ ಕಸುಬು ಹೋಯಿತು. ತಾಯಿಯ ಕಡೆಯಿಂದ ಆಸ್ತಿ ಇಳಿದುಬರುವ ಅಳಿಯಸಂತಾನದ ಕುಟುಂಬದಲ್ಲಿ ಅವನಿಗಿದ್ದ ಆಸರೆ ತಪ್ಪಿತು. ಮತಾಂತರಗೊಂಡವನ ಆಸ್ತಿಯ ಹಕ್ಕು ಕಳೆಯಬಾರದೆಂದು 1850ರ ಕಾನೂನು ಹೇಳಿದರೂ, ಮನೆಯ ಜಗಲಿಯಿಂದ ಹೊರದಬ್ಬಿಸಿಕೊಂಡ ಬಡವನು ಕೋರ್ಟಿನ ಮೆಟ್ಟಿಲು ಹತ್ತುವುದು ಎಲ್ಲಿಂದ? ಗೇಣಿಯನ್ನು ಧಣಿ ಬಿಡಿಸಿದರೆ ಉಳಿದಿರುವುದು ಬರಿಗೈ. ತಾನೇ ಕಸುಬು ಬಿಡಿಸಿದ ಮೇಲೆ ಕಸುಬು ಕೊಡುವ ಹೊಣೆಯೂ ಮಿಷನ್ನಿನ ಮೇಲೆಯೇ ಬಿತ್ತು. ಕರಾವಳಿಯ ಕೈಗಾರಿಕೆಯ ಆರಂಭವನ್ನು ವಿದೇಶಿಯರ ಉದ್ಯಮಶೀಲತೆಯ ಕತೆಯಾಗಿ ಹೇಳುವವರು ಈ ನಿರುಪಾಯವನ್ನು ಬಿಟ್ಟುಬಿಡುತ್ತಾರೆ.

ಬೇಸಾಯದ ಪ್ರಯತ್ನಗಳು ಹೆಚ್ಚು ಫಲಿಸಲಿಲ್ಲ. 1851ರಲ್ಲಿ ಬಂದ ನೇಕಾರ ಹಾಲರ್ ಅವರ ಕೈಯಲ್ಲಿ ಮಗ್ಗ ಚೆನ್ನಾಗಿ ನಡೆಯಿತು. ಖಾಕಿ ಬಣ್ಣದ ಬಟ್ಟೆಗೆ ಇಲ್ಲಿನ ನೇಯ್ಗೆ ಹೆಸರಾಯಿತು. ಆದರೆ ಕರಾವಳಿಯ ರೂಪವನ್ನೇ ಬದಲಿಸಿದ್ದು 1865ರಲ್ಲಿ ಗಿಯೋರ್ಗ್ ಪ್ಲೆಬ್‌ಸ್ಟ್ ಮಂಗಳೂರಿನ ಜೆಪ್ಪುವಿನಲ್ಲಿ ಆರಂಭಿಸಿದ ಹಂಚಿನ ಕಾರ್ಖಾನೆ. ಅದುವರೆಗೆ ಬಡವರ ಮಾಡಿಗೆ ಮುಳಿಹುಲ್ಲು ಅಥವಾ ತೆಂಗಿನ ಮಡಲು, ಅನುಕೂಲವಿದ್ದವರಿಗೆ ಕುಂಬಾರರು ಮಾಡಿದ ನಾಡಹಂಚು. ನೇತ್ರಾವತಿಯ ದಡದ ಜೇಡಿಮಣ್ಣನ್ನು ಹದಮಾಡಿ, ಅಚ್ಚಿನಲ್ಲಿ ಒತ್ತಿ, ನೆರಳಲ್ಲಿ ಒಣಗಿಸಿ, ಕಟ್ಟಿಗೆಯ ಬೆಂಕಿಯಲ್ಲಿ ಸುಟ್ಟು ತೆಗೆದ ಹೊಸ ಹಂಚಿನಲ್ಲಿ ಒಂದರ ಏಣು ಮತ್ತೊಂದರ ತೋಡಿನಲ್ಲಿ ಕೂರುತ್ತಿತ್ತು, ಬೆನ್ನಿನ ಗುಬ್ಬಿ ರೀಪಿಗೆ ಕಚ್ಚಿಕೊಳ್ಳುತ್ತಿತ್ತು. ನಾಡಹಂಚಿಗಿಂತ ಭಾರ ಕಡಿಮೆಯಾದ್ದರಿಂದ ಪಕ್ಕಾಸು ತೆಳ್ಳಗಿದ್ದರೂ ತಡೆಯುತ್ತಿತ್ತು. ಆಷಾಢದ ಮಳೆಗೂ ಅಲುಗುತ್ತಿರಲಿಲ್ಲ. ನಮ್ಮ ಹಿರಿಯರ ಮನೆಯ ಮಾಡು ಬಿಚ್ಚಿದಾಗ ಹಂಚುಗಳನ್ನು ಒಂದೊಂದಾಗಿ ಮಗುಚಿ ನೋಡಿದೆ. ಕೆಲವದರ ಬೆನ್ನಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ‘ಬಾಸೆಲ್ ಮಿಷನ್ ಟೈಲ್ ವರ್ಕ್ಸ್’ ಎಂದಿತ್ತು, ಅದೇ ಮಾಡಿನ ಇನ್ನು ಕೆಲವದರಲ್ಲಿ ‘ಕಾಮನ್‌ವೆಲ್ತ್’ ಎಂದಿತ್ತು. ಈ ಎರಡು ಮುದ್ರೆಗಳ ನಡುವೆ ಒಂದು ಮಹಾಯುದ್ಧ ನಡೆದುಹೋಗಿದೆ.

ಯುದ್ಧಕ್ಕೆ ಮುಂಚೆ ಸಭೆಯ ಜೀವನ ಹೇಗಿತ್ತೆಂಬುದನ್ನು ಒಂದಿಷ್ಟು ನಿಧಾನಿಸಿ ನೋಡಬೇಕು. ಕಾರ್ಖಾನೆಯ ದಿನ ಆರಂಭವಾಗುತ್ತಿದ್ದುದು ಪ್ರಾರ್ಥನೆಯಿಂದ. ಮನೆ ಮಿಷನ್ನಿನ ಜಾಗದಲ್ಲಿ, ಮಕ್ಕಳು ಮಿಷನ್ನಿನ ಶಾಲೆಯಲ್ಲಿ, ಕೂಲಿ ಮಿಷನ್ನಿನ ಕೈಯಿಂದ, ಭಾನುವಾರದ ಪ್ರಸಂಗವೂ ಅಲ್ಲಿಂದಲೇ. ತಲೆತಲಾಂತರದಿಂದ ಅಕ್ಷರ ಕಾಣದ ಕುಟುಂಬಗಳ ಹೆಣ್ಣುಮಕ್ಕಳು ಸತ್ಯವೇದ ಓದಲು ಕಲಿತದ್ದು, ಗಡಿಯಾರ ನೋಡಿ ದುಡಿದು ನಗದು ಕೂಲಿ ಎಣಿಸಿಕೊಂಡದ್ದು, ಧಣಿಯ ಮುಂದೆ ಹೆಗಲಿನ ವಸ್ತ್ರ ಇಳಿಸದೆ ನಿಂತದ್ದು, ಇವೆಲ್ಲ ಆ ಕಾಲಕ್ಕೆ ಸಣ್ಣ ಸಂಗತಿಗಳಲ್ಲ. ಅದರ ಜೊತೆಗೇ ಹೇಳಬೇಕಾದ ಇನ್ನೊಂದು ಮಾತಿದೆ. ಪಾಲಕನೂ ಯಜಮಾನನೂ ಒಂದೇ ಸಂಸ್ಥೆಯಾದಾಗ, ಸಭೆಯ ಶಿಸ್ತಿಗೆ ತಪ್ಪಿದವನ ಕೆಲಸ, ಮನೆ ಎರಡಕ್ಕೂ ಸಂಚಕಾರ. ಹಳೆಯ ಧಣಿಯಿಂದ ಬಿಡಿಸಿಕೊಂಡವರು ಹೊಸ ಆಶ್ರಯಕ್ಕೆ ಒಳಗಾದರು. ಇದು ಧರ್ಮಪ್ರಚಾರಕ್ಕೆ ಒಪ್ಪುವ ಮಾರ್ಗವೇ ಎಂಬ ಚರ್ಚೆ ಮಿಷನ್ನಿನ ಒಳಗೂ ನಡೆದಿತ್ತು ಎಂಬುದನ್ನು ಗೌರವದಿಂದಲೇ ನೆನೆಯುತ್ತೇನೆ.

ಅವರ ಅಕ್ಷರದ ಕೆಲಸವನ್ನೂ ಇದೇ ಬೆಳಕಿನಲ್ಲಿ ನೋಡಬೇಕು. ಭೂತಾರಾಧನೆಯನ್ನು ತಪ್ಪೆಂದು ಸಾರಿದ ಮಿಷನ್ನಿನವರೇ ಅದರ ಪಾಡ್ದನಗಳೆಂಬ ತುಳು ಕಥನಗೀತೆಗಳನ್ನು ಬರೆಸಿಕೊಂಡು 1886ರಲ್ಲಿ ಅಚ್ಚುಹಾಕಿದರು. ಅದೇ ವರ್ಷ ಮ್ಯಾನರ್ ಅವರ ತುಳು ನಿಘಂಟೂ ಬಂತು. ದಾಸರ ಪದಗಳು ಅಚ್ಚಿನ ಮುಖ ಕಂಡದ್ದು ಮೋಗ್ಲಿಂಗ್ ಕೈಯಲ್ಲಿ. ಎದುರಾಳಿಯ ನಂಬಿಕೆಯನ್ನು ಅರಿಯಬೇಕೆಂಬ ಉದ್ದೇಶದಿಂದ ಹೊರಟವರು ಅದರ ಸೊಬಗಿಗೆ ಮನಸೋತಿರಬೇಕೆಂದು ನನಗೆ ತೋರುತ್ತದೆ. ಆದರೆ ಈ ಪುಸ್ತಕಗಳಲ್ಲಿ ಹಾಡಿ ಕೊಟ್ಟವರ, ಅರ್ಥ ಹೇಳಿದವರ ಹೆಸರುಗಳು ಎಷ್ಟು ಉಳಿದಿವೆ ಎಂದು ಹುಡುಕಿದರೆ ದುಃಖವಾಗುತ್ತದೆ.

1914ರಲ್ಲಿ ಯುದ್ಧ ಆರಂಭವಾದಾಗ ಜರ್ಮನ್ ಮಿಷನರಿಗಳು ಬ್ರಿಟಿಷ್ ಸರ್ಕಾರದ ಕಣ್ಣಿಗೆ ಶತ್ರುಗಳಾದರು. ಅವರನ್ನು ಬಂಧನದಲ್ಲಿಟ್ಟು ಬಳಿಕ ಸ್ವದೇಶಕ್ಕೆ ಸಾಗಿಸಲಾಯಿತು. ಹಂಚು, ನೇಯ್ಗೆ, ವ್ಯಾಪಾರ ಎಲ್ಲವೂ ಕಾಮನ್‌ವೆಲ್ತ್ ಟ್ರಸ್ಟ್ ಎಂಬ ಕಂಪನಿಯ ಪಾಲಾದವು. ಅಲ್ಲಿಗೆ ಕಾರ್ಖಾನೆ ಬೇರೆ, ಸಭೆ ಬೇರೆ. ಸ್ಥಳೀಯ ಕ್ರೈಸ್ತರು ತಮ್ಮ ಸಭೆಯನ್ನು ತಾವೇ ನಡೆಸಬೇಕಾದ ಕಾಲ ಬಂತು. 1947ರ ಸೆಪ್ಟೆಂಬರ್ 27ರಂದು ದಕ್ಷಿಣ ಭಾರತ ಸಭೆ ರೂಪುಗೊಂಡ ಮೇಲೆ ಬಾಸೆಲ್ ಪರಂಪರೆಯ ಸಭೆಗಳೂ ಅದರೊಳಗೆ ಸೇರಿದವು.

ಅಷ್ಟರಲ್ಲಿ ಬಿಲ್ಲವರ ಮುಂದೆ ಬೇರೆ ಬಾಗಿಲುಗಳೂ ತೆರೆದಿದ್ದವು. 1870ರ ಸುಮಾರಿಗೇ ಅವರ ಮುಖಂಡರಾಗಿದ್ದ ಅರಸಪ್ಪನವರು ಬ್ರಹ್ಮಸಮಾಜದ ಕಡೆ ನೋಡಿದ್ದರು. 1912ರಲ್ಲಿ ನಾರಾಯಣ ಗುರುಗಳು ಮಂಗಳೂರಿನ ಕುದ್ರೋಳಿಯಲ್ಲಿ ಗೋಕರ್ಣನಾಥನನ್ನು ಪ್ರತಿಷ್ಠಾಪಿಸಿದಾಗ, ಮಾನ ಉಳಿಸಿಕೊಳ್ಳಲು ಧರ್ಮ ಬಿಡಲೇಬೇಕೆಂಬ ಸ್ಥಿತಿ ಬಿಲ್ಲವರಿಗೆ ಉಳಿಯಲಿಲ್ಲ. ಮತಾಂತರದ ಚರ್ಚೆಯಲ್ಲಿ ಆಮಿಷದ ಮಾತನ್ನು ಮಾತ್ರ ಆಡುವವರು ಕುದ್ರೋಳಿಯ ಈ ಚರಿತ್ರೆಯನ್ನು ಓದಬೇಕೆಂದು ಕಳಕಳಿಯಿಂದ ಕೇಳಿಕೊಳ್ಳುತ್ತೇನೆ. ಜನ ಹುಡುಕುತ್ತಿದ್ದುದು ಮಾನವನ್ನು. ಅದು ಸಭೆಯಲ್ಲಿ ಸಿಕ್ಕಿದಾಗ ಅಲ್ಲಿಗೆ ಹೋದರು, ತಮ್ಮದೇ ಗುಡಿಯಲ್ಲಿ ಸಿಕ್ಕಿದಾಗ ಇಲ್ಲಿ ನಿಂತರು.

ಇಂದು ಕಾಂಕ್ರೀಟ್ ತಾರಸಿಗಳ ಕಾಲದಲ್ಲಿ ಹಂಚಿನ ಕಾರ್ಖಾನೆಗಳು ಬಹುಪಾಲು ಮುಚ್ಚಿವೆ. ಸಭೆಯ ಸಾಮಾಜಿಕ ಪಾತ್ರ ಈಗ ಮುಖ್ಯವಾಗಿ ಶಾಲೆ ಮತ್ತು ಆಸ್ಪತ್ರೆಗಳಲ್ಲಿದೆ, ಅಲ್ಲಿ ಎಲ್ಲ ಜಾತಿಮತದವರ ಮಕ್ಕಳೂ ಓದುತ್ತಾರೆ. ಬಾಸೆಲ್‌ನ ದಾಖಲೆಗಳೂ ಹಳೆಯ ಛಾಯಾಚಿತ್ರಗಳೂ ಈಗ ಅಂತರ್ಜಾಲದಲ್ಲಿ ನೋಡಸಿಗುತ್ತವೆ. ಮಂಗಳೂರಿನ ಬಲ್ಮಠದ ಕರ್ನಾಟಕ ಥಿಯಲಾಜಿಕಲ್ ಕಾಲೇಜಿನಲ್ಲಿ ಮಿಷನ್ನಿನ ಕಾಲದ ಕನ್ನಡ, ತುಳು ಪುಸ್ತಕಗಳ ಸಂಗ್ರಹವಿದೆ. ಕಿಟೆಲ್ ಬಗ್ಗೆ ಸಾಕಷ್ಟು ಬರೆದಾಗಿದೆ. ಜೆಪ್ಪುವಿನಲ್ಲಿ ಮಣ್ಣು ಒತ್ತಿದವರ, ಮಗ್ಗದ ಮುಂದೆ ಕೂತವರ ಮನೆತನಗಳ ಚರಿತ್ರೆಯನ್ನು ಅವರ ಮೊಮ್ಮಕ್ಕಳ ಬಾಯಿಂದಲೇ ಕೇಳಿ ಬರೆಯುವ ಕೆಲಸ ಬಾಕಿ ಇದೆ, ಆ ನೆನಪುಗಳನ್ನು ಹೊತ್ತ ಹಿರಿಯರು ಇನ್ನೂ ನಮ್ಮ ನಡುವೆ ಇದ್ದಾರೆ.