ಊಟದ ಸೀನಿನಲ್ಲಿ ಊಟ ಮಾಡಬಾರದು

ಸೀರಿಯಲ್‌ಗಳಲ್ಲಿ ನನಗೆ ಸಿಗುವುದು ಚಿಕ್ಕಪ್ಪ, ಮಾವ, ಪಕ್ಕದ ಮನೆಯವರ ಪಾತ್ರ. ಜನಕ್ಕೆ ಮುಖ ಗುರುತಿರುತ್ತದೆ, ಹೆಸರು ಗೊತ್ತಿರುವುದಿಲ್ಲ. ತರಕಾರಿ ಅಂಗಡಿಯಲ್ಲಿ "ನೀವು ಅದೇ... ಆ ಸೀರಿಯಲ್‌ನಲ್ಲಿ..." ಅಂತ ತಡವರಿಸುತ್ತಾರೆ. ನಾನೂ ನಕ್ಕು ತಲೆಯಾಡಿಸುತ್ತೇನೆ.

ಬಂದದ್ದು ಹವ್ಯಾಸಿ ನಾಟಕದಿಂದ. ಸ್ಟೇಜ್ ಮೇಲೆ ಒಂದು ಸಲ ತಿಂದರೆ ಮುಗೀತು. ಕ್ಯಾಮೆರಾ ಮುಂದೆ ಹಾಗಲ್ಲ ಅಂತ ಗೊತ್ತಾಗಿದ್ದು ಎರಡನೇ ಸೀರಿಯಲ್‌ನಲ್ಲಿ.

ಕೂಡು ಕುಟುಂಬದ ಊಟದ ಸೀನ್. ಎಂಟು ಜನ, ಚಪಾತಿ, ಪಲ್ಯ. ಸೊಸೆ "ಮನೆ ಬಿಟ್ಟು ಹೋಗ್ತೀನಿ" ಅನ್ನಬೇಕು, ಎಲ್ಲರೂ ಬೆಚ್ಚಬೇಕು. ನನಗಿದ್ದದ್ದು ಒಂದೇ ಡೈಲಾಗ್: "ಏನಮ್ಮ ಇದು?" ಮಾತು ಕಮ್ಮಿ, ನಟನೆಯಾದರೂ ಜಾಸ್ತಿ ಮಾಡೋಣ ಅಂತ ಮಾಸ್ಟರ್ ಶಾಟ್‌ನಲ್ಲಿ, ಅಂದರೆ ಇಡೀ ಸೀನನ್ನು ಎಲ್ಲರೂ ಕಾಣುವ ಹಾಗೆ ದೂರದಿಂದ ತೆಗೆಯುವ ಶಾಟ್‌ನಲ್ಲಿ, ಚಪಾತಿ ಮುರಿದೆ, ಬಾಯಿಗಿಟ್ಟೆ, ನೀರು ಕುಡಿದೆ, ಮೀಸೆ ಒರೆಸಿಕೊಂಡೆ. ಡೈರೆಕ್ಟರ್ ಓಕೆ ಅಂದರು. ನನಗೆ ಖುಷಿಯೋ ಖುಷಿ.

ಆಮೇಲೆ ಶುರುವಾಯಿತು ನೋಡಿ. ಅದೇ ಸೀನ್ ಟೇಬಲ್‌ನ ಆ ಕಡೆಯಿಂದ, ಈ ಕಡೆಯಿಂದ, ಕೊನೆಗೆ ಒಬ್ಬೊಬ್ಬರ ಕ್ಲೋಸಪ್. ಪ್ರತಿ ಸಲ ಅದೇ ಮಾತಿಗೆ ಅದೇ ತುತ್ತು ಎತ್ತಬೇಕು. ಲೋಟ ಎಡಗೈಯಲ್ಲಿ ಎತ್ತಿದ್ದೆನೋ ಬಲಗೈಯಲ್ಲೋ, ನೆನಪೇ ಇಲ್ಲ. ಕಂಟಿನ್ಯೂಟಿ, ಅಂದರೆ ಶಾಟ್‌ನಿಂದ ಶಾಟ್‌ಗೆ ಎಲ್ಲವೂ ಒಂದೇ ಥರ ಇದೆಯಾ ಅಂತ ನೋಡುವ ಹುಡುಗ ಫೋಟೋ ತೆಗೆದಿಟ್ಟಿದ್ದ. ಆದರೆ ತಟ್ಟೆ ಹೇಗಿತ್ತು ಅಂತ ಫೋಟೋ ಹೇಳುತ್ತದೆ, ಯಾವ ಮಾತಿಗೆ ಕೈ ಎದ್ದಿತು ಅಂತ ಹೇಳುವುದಿಲ್ಲ. ಸಂಜೆ ನಾಲ್ಕಕ್ಕೆ ಒಂಬತ್ತನೇ ಚಪಾತಿ. ತಣ್ಣಗೆ, ಚರ್ಮದ ಹಾಗೆ.

ಅಜ್ಜಿ ಪಾತ್ರದ ಹಿರಿಯ ಕಲಾವಿದೆಯ ತಟ್ಟೆ ನೋಡಿದೆ. ಬೆಳಗಿನಿಂದ ಒಂದೇ ಚಪಾತಿ, ಒಂದು ಮೂಲೆ ಮಾತ್ರ ಮುರಿದಿತ್ತು. "ಮುರೀತಾ ಇರು ಮರಿ, ತಿನ್ಬೇಡ. ತಿಂದ್ರೆ ಲೆಕ್ಕ ಇಡ್ಬೇಕಾಗತ್ತೆ" ಅಂದರು.

ಟೆಲಿಕಾಸ್ಟ್ ದಿನ ಮನೆಯವರೆಲ್ಲ ಟಿವಿ ಮುಂದೆ. ನನ್ನ ಕ್ಲೋಸಪ್ ಒಂದೂ ಇಲ್ಲ. ಡೈಲಾಗ್ ಕೂಡ ಅಜ್ಜಿಯ ಮುಖ ತೋರಿಸುವಾಗ ಕೇಳಿಸಿತು. ಸಿಟ್ಟಿನಲ್ಲಿ ಎಡಿಟರ್‌ಗೆ ಫೋನ್ ಮಾಡಿದೆ. "ಸಾರ್, ವೈಡಲ್ಲಿ ನಿಮ್ಮ ಕೈ ತಟ್ಟೇಲಿದೆ, ಕ್ಲೋಸಲ್ಲಿ ಬಾಯಲ್ಲಿದೆ. ಹೇಗೆ ಸೇರಿಸ್ಲಿ?" ದಿನಾ ಒಂದು ಎಪಿಸೋಡ್ ಹೋಗಬೇಕು. ಹೀರೋಯಿನ್ ಶಾಟ್ ಆದರೆ ಹೇಗೋ ಕೂಡಿಸುತ್ತಾರೆ. ಚಿಕ್ಕಪ್ಪನ ಶಾಟ್‌ಗೆ ಅಷ್ಟು ಗುದ್ದಾಡುವವರು ಯಾರು? ಎಡಿಟರ್‌ದು ತಪ್ಪಲ್ಲ ಬಿಡಿ.

ಹಳೆಯ ಕನ್ನಡ ಸಿನಿಮಾಗಳ ನಟ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಮಂದವಿತ್ತು. ಎದುರಿನವರ ತುಟಿ ನೋಡಿಕೊಂಡೇ ನೂರಾರು ಸಿನಿಮಾ ಮಾಡಿದರು. ಕಿವಿ ನೆಟ್ಟಗಿರುವ ನಾನು ಆ ದಿನವಿಡೀ ನೋಡಿದ್ದು ನನ್ನ ತಟ್ಟೆಯನ್ನು.

ಹಾಗಂತ ತಿನ್ನಲೇಬಾರದು ಅಂತಲ್ಲ. 1974ರ 'ಭೂತಯ್ಯನ ಮಗ ಅಯ್ಯು' ಸಿನಿಮಾದಲ್ಲಿ ಉಪ್ಪಿನಕಾಯಿ ತಿಂದ ಮೇಲೆ ನಟ ಲೋಕನಾಥ್ ಅವರು ಜನರ ಬಾಯಲ್ಲಿ ಕೊನೆತನಕ ಉಪ್ಪಿನಕಾಯಿ ಲೋಕನಾಥ್. ಆದರೆ ಅಲ್ಲಿ ಸೀನೇ ಉಪ್ಪಿನಕಾಯಿಯದು. ನನ್ನದು ಸೊಸೆಯ ಸೀನ್.

ಈಗ ಒಂದು ಸೀನಿಗೆ ಒಂದೇ ಕೆಲಸ ಇಟ್ಟುಕೊಳ್ಳುತ್ತೇನೆ. "ಹೋಗ್ತೀನಿ" ಅಂದ ತಕ್ಷಣ ಲೋಟ ಕೆಳಗಿಡುವುದು, ಎಡಗೈಯಲ್ಲಿ. ಸ್ಕ್ರಿಪ್ಟ್ ಹಾಳೆಯ ಅಂಚಲ್ಲಿ ಅದನ್ನೇ ಬರೆದುಕೊಳ್ಳುತ್ತೇನೆ. ಉಳಿದಂತೆ ಮಾತಾಡುವವರ ಮುಖ ನೋಡುತ್ತೇನೆ.

ಹೋದ ವಾರ ಹಬ್ಬದ ಸೀನ್, ಹೋಳಿಗೆ. ಪಕ್ಕದಲ್ಲಿ ಕೂತಿದ್ದ ಹೊಸ ಹುಡುಗನಿಗೆ "ಮುರೀತಾ ಇರಪ್ಪ, ತಿನ್ಬೇಡ" ಅಂದೆ. "ಹೋಳಿಗೆ ಸಾರ್!" ಅಂದ. ಮೂರನೇ ಆಂಗಲ್ ಹೊತ್ತಿಗೆ ನೀರು ಕೇಳುತ್ತಿದ್ದ.