ಮ್ಯಾಪಿನ ಮನುಷ್ಯ

ನಮ್ಮ ಕಾಲೇಜಿನ ಕೆಮಿಸ್ಟ್ರಿ ಗ್ಯಾಲರಿಯಲ್ಲಿ ಶನಿವಾರ ಸಂಜೆ ಫಿಲ್ಮ್ ಕ್ಲಬ್ ನಡೆಯುತ್ತಿತ್ತು, ನೆನಪಿದೆಯಾ? ಕಿಟಕಿಗೆಲ್ಲ ಜಮಖಾನ ಕಟ್ಟಿ ಕತ್ತಲೆ ಮಾಡುತ್ತಿದ್ದೆವು. ಆಸಿಡ್ ವಾಸನೆ ಹಾಗೇ ಇರುತ್ತಿತ್ತು. ಅಲ್ಲಿ ನನಗೆ ಸಿಕ್ಕಿದವನು ವ್ಲಾಸ್ತಿಮಿಲ್ ಬ್ರೊದ್ಸ್ಕಿ ಎಂಬ ಜೆಕ್ ನಟ. ಸಿಕ್ಕಿದ ಅಂದರೆ, ಮೊದಲ ಸಲ ಕಣ್ಣಿಗೇ ಬೀಳಲಿಲ್ಲ.

ಅವತ್ತು ಹಾಕಿದ್ದು ಯಿರ್ಜಿ ಮೆಂಜಲ್‌ನ 'ಕ್ಲೋಸ್ಲಿ ವಾಚ್ಡ್ ಟ್ರೇನ್ಸ್', 1966ರ ಸಿನಿಮಾ, ಆಸ್ಕರ್ ಬಂದದ್ದು. ಟೆಲಿಗ್ರಾಫ್ ಹುಡುಗಿಯ ಮೈಮೇಲೆ ರಬ್ಬರ್ ಸ್ಟಾಂಪ್ ಒತ್ತುವ ಸೀನು ಬಂತಲ್ಲ, ಆಮೇಲೆ ನಮಗ್ಯಾರಿಗೂ ಬೇರೆ ಏನೂ ಕಾಣಲಿಲ್ಲ. ಎರಡನೇ ಮಹಾಯುದ್ಧದಲ್ಲಿ ಜರ್ಮನರ ಕೈಲಿದ್ದ ಜೆಕ್ ನಾಡಿನ ಕಥೆ ಅದು. ಅದರಲ್ಲಿ ಜರ್ಮನರ ಬಾಲ ಹಿಡಿದ ಒಬ್ಬ ಅಧಿಕಾರಿ ಸ್ಟೇಷನ್ನಿಗೆ ಬಂದು, ಮ್ಯಾಪ್ ಬಿಡಿಸಿ, ಜರ್ಮನ್ ಸೈನ್ಯ ಹಿಂದೆ ಸರಿಯುತ್ತಿರುವುದು ಸೋಲಲ್ಲ, ಅದೊಂದು ತಂತ್ರ ಎಂದು ಪಾಠ ಮಾಡುತ್ತಾನೆ. ಅವನೇ ಬ್ರೊದ್ಸ್ಕಿ.

ಕೆಲವು ವಾರ ಬಿಟ್ಟು 'ಯಾಕಬ್ ದ ಲಯರ್' ಬಂತು. ಪೂರ್ವ ಜರ್ಮನಿಯ ಫ್ರಾಂಕ್ ಬೇಯರ್ ಮಾಡಿದ್ದು. ಆಪರೇಟರ್ ಎರಡನೇ ರೀಲು ಬಿಟ್ಟು ಮೂರನೆಯದು ಹಾಕಿಬಿಟ್ಟ, ಗಲಾಟೆಯಾಯಿತು, ಮತ್ತೆ ಹಿಂದಿನಿಂದ ಶುರು. ಕಥೆ ಇಷ್ಟೇ. ಯುದ್ಧಕ್ಕೆ ಮೊದಲು ಆಲೂಗಡ್ಡೆ ದೋಸೆ, ಐಸ್‌ಕ್ರೀಮ್ ಮಾರಿಕೊಂಡಿದ್ದ ಯಾಕಬ್ ಈಗ ಯೆಹೂದಿಗಳನ್ನು ಕೂಡಿಹಾಕಿದ ಗೆಟ್ಟೋದಲ್ಲಿದ್ದಾನೆ. ರಷ್ಯನ್ ಸೈನ್ಯ ಹತ್ತಿರ ಬರುತ್ತಿದೆ ಎನ್ನುವ ಸುದ್ದಿ ಅಕಸ್ಮಾತ್ ಅವನ ಕಿವಿಗೆ ಬೀಳುತ್ತದೆ. ಅದನ್ನು ಜನ ನಂಬಲಿ ಅಂತ ನನ್ನ ಹತ್ತಿರ ರೇಡಿಯೋ ಇದೆ ಎಂದು ಸುಳ್ಳು ಹೇಳುತ್ತಾನೆ. ಮುಗೀತು, ಆಮೇಲೆ ದಿನಾ ಹೊಸ ಸುದ್ದಿ ಹುಟ್ಟಿಸಬೇಕು. ಪುಟ್ಟ ಹುಡುಗಿ ಲೀನಾ ರೇಡಿಯೋ ಕೇಳಲೇಬೇಕೆಂದು ಹಟ ಹಿಡಿದಾಗ ನೆಲಮಾಳಿಗೆಯಲ್ಲಿ ಮರೆಗೆ ಕೂತು ತಾನೇ ರೇಡಿಯೋ ಆಗುತ್ತಾನೆ. ಬಾಯಲ್ಲೇ ಬ್ಯಾಂಡ್ ಬಾರಿಸುತ್ತಾನೆ. ಮೋಡ ಬೇಕು ಅಂತ ಕಾಯಿಲೆ ಬಿದ್ದ ರಾಜಕುಮಾರಿಗೆ ಹತ್ತಿಯ ಮೋಡ ಕೊಟ್ಟ ಕಥೆ ಹೇಳುತ್ತಾನೆ. ಆ ಮುಖದಲ್ಲಿ ದೊಡ್ಡ ಅಭಿನಯ ಏನೂ ಇಲ್ಲ. ಸಾಲ ಕೊಟ್ಟವನು ಬಾಗಿಲು ತಟ್ಟಿದಾಗ ಒಳಗೆ ಉಸಿರು ಬಿಗಿಹಿಡಿದು ಕೂತವನ ಹಾಗಿರುತ್ತದೆ, ಅಷ್ಟೆ. ಕೊನೆಯಲ್ಲಿ ಸಾವಿನ ರೈಲಿನಲ್ಲಿ ಹುಡುಗಿ ಕೇಳುತ್ತಾಳೆ, ಮೋಡ ಹತ್ತಿಯದ್ದೇ ಅಲ್ವಾ ಅಂತ.

ಲೈಟು ಹಾಕಿದ ಮೇಲೂ ಯಾರೂ ಏಳಲಿಲ್ಲ. ನಮ್ಮ ಇಂಗ್ಲಿಷ್ ಮೇಷ್ಟ್ರು, 'ಇವನೇ ಕಣ್ರೋ ಆ ಮ್ಯಾಪಿನವನು' ಅಂದರು. ನಾನು ನಂಬಲಿಲ್ಲ. ಅವನು ಸೋಲುತ್ತಿರುವವರನ್ನು ಗೆಲ್ಲಿಸುವ ಸುಳ್ಳುಗಾರ, ಇವನು ಸಾಯಲಿರುವವರಿಗೆ ಇನ್ನೊಂದು ದಿನ ತಳ್ಳಲು ಸುಳ್ಳು ಹೇಳುವವನು. ಒಂದೇ ಮುಖದಲ್ಲಿ ಎರಡೂ ಹೇಗೆ ಸಾಧ್ಯ? ಈ ಪಾತ್ರ ತನಗೆ ಬೇಕೆಂದು ಪಶ್ಚಿಮ ಜರ್ಮನಿಯ ದೊಡ್ಡ ಸ್ಟಾರ್ ಹೈನ್ಸ್ ರೂಮನ್ ಆಸೆಪಟ್ಟಿದ್ದನಂತೆ, ಪೂರ್ವದವರು ಒಪ್ಪಲಿಲ್ಲ. ಒಳ್ಳೆಯದೇ ಆಯಿತು ಬಿಡಿ. 1975ರಲ್ಲಿ ಬರ್ಲಿನ್ ಸಿನಿಮಾ ಉತ್ಸವದಲ್ಲಿ ಬ್ರೊದ್ಸ್ಕಿಗೆ ಅತ್ಯುತ್ತಮ ನಟನ ಬೆಳ್ಳಿ ಕರಡಿ ಬಂತು.

ಆಮೇಲೆ ಹುಡುಕಿ ಹುಡುಕಿ ನೋಡಿದೆ. ಹುಟ್ಟಿದ್ದು 1920ರಲ್ಲಿ, ಈಗ ಓಸ್ತ್ರಾವಾಕ್ಕೆ ಸೇರಿಹೋಗಿರುವ ಹ್ರುಶೋವ್‌ನಲ್ಲಿ. ಪ್ರಾಗ್‌ನ ವಿನೊಹ್ರಡಿ ಥಿಯೇಟರಿನಲ್ಲಿ ದಶಕಗಟ್ಟಲೆ ನಾಟಕ ಮಾಡಿದ. ಒಂದು ಕಾಲಕ್ಕೆ ಹೆಂಡತಿಯಾಗಿದ್ದ ಯಾನಾ ಬ್ರೆಯ್ಖೊವಾ, ಮಗಳು ತೆರೆಝಾ, ಇಬ್ಬರೂ ನಟಿಯರೇ. ಅಲ್ಲಿನ ಮಕ್ಕಳಿಗೆ ಈತ 'ಅರಬೆಲಾ' ಟೀವಿ ಧಾರಾವಾಹಿಯ ರಾಜ. ಮೆಂಜಲ್‌ನ 'ಲಾರ್ಕ್ಸ್ ಆನ್ ಎ ಸ್ಟ್ರಿಂಗ್'ನಲ್ಲಿ ಪ್ರೊಫೆಸರ್, ಪುಸ್ತಕ ನಾಶ ಮಾಡಲು ಒಪ್ಪದೆ ಗುಜರಿ ಅಂಗಳಕ್ಕೆ ಬಂದು ಬಿದ್ದವನು. 1969ರಲ್ಲಿ ತೆಗೆದ ಆ ಸಿನಿಮಾವನ್ನು ಅಲ್ಲಿನ ಕಮ್ಯುನಿಸ್ಟ್ ಸರ್ಕಾರ ಬೀರುವಿಗೆ ಹಾಕಿ ಬೀಗ ಜಡಿಯಿತು. ಹೊರಬಂದದ್ದು 1990ರಲ್ಲಿ. ಬಂದ ಕೂಡಲೇ ಬರ್ಲಿನ್‌ನಲ್ಲಿ ಚಿನ್ನದ ಕರಡಿ, ಆ ಉತ್ಸವದ ದೊಡ್ಡ ಪ್ರಶಸ್ತಿ!

ನನಗೆ ಜಾಸ್ತಿ ಇಷ್ಟ 2001ರ ಸಿನಿಮಾ 'ಬಾಬಿ ಲೇತೊ'. ಹೆಂಡತಿ ಅಂತ್ಯಕ್ರಿಯೆಗೆ ದುಡ್ಡು ಕೂಡಿಡುತ್ತಿದ್ದರೆ ಈ ಮುದುಕ ಊರವರಿಗೆಲ್ಲ ಟೋಪಿ ಹಾಕುತ್ತಾ ತಿರುಗುತ್ತಾನೆ. ಮೆಟ್ರೋದಲ್ಲಿ ಟಿಕೆಟ್ ಚೆಕ್ಕರ್ ಅಂತ ಹೇಳಿಕೊಂಡು, ಸಿಕ್ಕಿಬಿದ್ದ ಹುಡುಗಿಯರನ್ನು ಒಂದು ಮುತ್ತು ಪಡೆದು ಬಿಟ್ಟುಬಿಡುತ್ತಾನೆ. ಮತ್ತೆ ಸುಳ್ಳುಗಾರನೇ ನೋಡಿ! ಆ ಪಾತ್ರಕ್ಕೆ ಜೆಕ್ ಲಯನ್ ಪ್ರಶಸ್ತಿ ಬಂತು. ಬಂದ ಸ್ವಲ್ಪ ದಿನಕ್ಕೇ, 2002ರ ಏಪ್ರಿಲ್‌ನಲ್ಲಿ, 81ನೇ ವಯಸ್ಸಿನಲ್ಲಿ ಬ್ರೊದ್ಸ್ಕಿ ತನ್ನ ಪ್ರಾಣ ತಾನೇ ತೆಗೆದುಕೊಂಡ.

ಇದು ನನಗೆ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ. ಯಾರಿಗೆ ಹೇಳಲಿ? ಮೇಷ್ಟ್ರಿಗೆ ಫೋನ್ ಮಾಡಿದೆ. ರಿಟೈರ್ ಆಗಿ ಬಹಳ ದಿನವಾಗಿತ್ತು, ಕಿವಿ ಮಂದ, ಹೆಸರು ಮೂರು ಸಲ ಹೇಳಬೇಕಾಯಿತು. ಸ್ವಲ್ಪ ಹೊತ್ತು ಸುಮ್ನಿದ್ದು, 'ಯಾರು, ನಮ್ಮ ಮ್ಯಾಪಿನವನಾ?' ಅಂದರು.