ಜಕಣಾಚಾರಿಯ ಸಿನಿಮಾ ಯಾವಾಗ ಮಾಡುತ್ತೀರಿ?

ಇತಿಹಾಸದ ಕಥೆಗಳಿಗೆ ಚಿತ್ರಕಥೆ ಬರೆದು ನಿರ್ದೇಶಿಸುವವನು ನಾನೆಂದು ತಿಳಿದ ಕೂಡಲೇ ಹಾಸನದಲ್ಲಿ ಹೆಚ್ಚುಕಡಿಮೆ ಎಲ್ಲರೂ ಕೇಳುವ ಪ್ರಶ್ನೆ ಇದು. ಮಾಡುವುದಿಲ್ಲ ಎಂಬುದೇ ನನ್ನ ಉತ್ತರ. ಕಾರಣವನ್ನು ನಿಂತ ನಿಲುವಿನಲ್ಲಿ ಹೇಳಿ ಮುಗಿಸಲು ಆಗದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ.

ಕಥೆ ಗೊತ್ತಿರುವುದೇ. ಜಕಣಾಚಾರಿ ಕೆತ್ತಿದ ವಿಗ್ರಹದ ಕಲ್ಲಿನಲ್ಲಿ ದೋಷವಿದೆಯೆಂದು ಅಪರಿಚಿತ ಯುವಕನೊಬ್ಬ ಹೇಳುತ್ತಾನೆ. ಗಂಧ ಲೇಪಿಸಿದಾಗ ಹೊಕ್ಕುಳ ಬಳಿ ಮಾತ್ರ ಒಣಗದೆ ಉಳಿಯುತ್ತದೆ, ಅಲ್ಲಿ ಒಡೆದರೆ ಕಪ್ಪೆ ಸಿಗುತ್ತದೆ. ಶಿಲ್ಪಿ ತನ್ನ ಬಲಗೈಯನ್ನೇ ಕಡಿದುಕೊಳ್ಳುತ್ತಾನೆ. ಆ ಯುವಕ ತನ್ನ ಮಗ ಡಂಕಣನೆಂಬುದು ಆಮೇಲೆ ತಿಳಿಯುತ್ತದೆ. ನಮ್ಮ ಅಜ್ಜಿ ಈ ಕಥೆ ಹೇಳುವಾಗ ಕೈ ಕಡಿದುಕೊಳ್ಳುವ ಘಟ್ಟಕ್ಕೆ ಬಂದು ಸ್ವಲ್ಪ ಹೊತ್ತು ಸುಮ್ಮನಾಗುತ್ತಿದ್ದರು. ಆ ಮೌನದಿಂದಲೇ ನಾನು ಕಥೆ ಹೇಳುವುದನ್ನು ಕಲಿತೆನೆಂದು ಈಗಲೂ ನಂಬಿದ್ದೇನೆ. ಆದರೆ ಬೇಲೂರಿನ ಶಾಸನಗಳಲ್ಲಿ ಜಕಣಾಚಾರಿಯ ಹೆಸರಿಲ್ಲ.

ಅಲ್ಲಿರುವುದು ಬೇರೆ ಹೆಸರುಗಳು. ವಿಷ್ಣುವರ್ಧನನು 1117ರಲ್ಲಿ ಪ್ರತಿಷ್ಠೆ ಮಾಡಿಸಿದ ಚೆನ್ನಕೇಶವ ದೇವಾಲಯದ ಮದನಿಕೆಗಳನ್ನು ತಲೆಯೆತ್ತಿ ನೋಡುವ ನಾವು, ಕೆಲವು ಶಿಲ್ಪಗಳ ಪೀಠದಲ್ಲಿ ಕೆತ್ತಿರುವ ಸಣ್ಣ ಅಕ್ಷರಗಳನ್ನು ಗಮನಿಸುವುದು ಕಡಿಮೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಎಂಬ ಹೆಸರುಗಳು ಅಲ್ಲಿವೆ. ಜೊತೆಗೆ ಎದುರಾಳಿ ಶಿಲ್ಪಿಗಳನ್ನು ಮಣಿಸಿದವರೆಂದು ಸಾರುವ ಬಿರುದುಗಳೂ ಇವೆ. ಶಿಲ್ಪಿಗೆ ಅಂದಿನವರು ಹೇಳುತ್ತಿದ್ದ ಮಾತು ರೂವಾರಿ. ಇಂದಿನ ಪತ್ರಿಕೆಗಳು ಗೆಲುವಿನ ರೂವಾರಿ ಎಂದು ಬರೆಯುವಾಗ ಬಳಸುವುದು ಅದೇ ಪದವನ್ನು. ಇನ್ನೊಬ್ಬ ರೂವಾರಿ ಮಲ್ಲಿತಮ್ಮನ ಹೆಸರು ತರೀಕೆರೆ ತಾಲ್ಲೂಕಿನ ಅಮೃತಾಪುರದಲ್ಲೂ ದೂರದ ಸೋಮನಾಥಪುರದಲ್ಲೂ ಸಿಗುತ್ತದೆ.

ಐತಿಹ್ಯದ ತಂದೆ ಮಗ ಒಬ್ಬರನ್ನೊಬ್ಬರು ಅರಿಯದೆ ಎದುರುಬದುರಾಗುತ್ತಾರೆ. ದಾಸೋಜ ಮತ್ತು ಚಾವಣರಾದರೋ ಈಗಿನ ಶಿಕಾರಿಪುರ ತಾಲ್ಲೂಕಿನ ಊರಿನಿಂದ ಬಂದು, ಒಂದೇ ದೇವಾಲಯದಲ್ಲಿ ಉಳಿ ಹಿಡಿದು, ತಮ್ಮ ತಮ್ಮ ಕೆಲಸದ ಕೆಳಗೆ ತಮ್ಮ ತಮ್ಮ ಹೆಸರನ್ನೇ ಬರೆದುಕೊಂಡವರು. ನನ್ನನ್ನು ಹಿಡಿದಿಟ್ಟಿರುವುದು ಈ ಎರಡನೆಯ ಕಥೆ.

ಕೆಲವು ವರ್ಷಗಳ ಹಿಂದೆ ಇದರ ಚಿತ್ರಕಥೆಯನ್ನು ಓದಿದ ನಿರ್ಮಾಪಕರೊಬ್ಬರು, ದಾಸೋಜನ ಹೆಸರನ್ನು ಜಕಣಾಚಾರಿ ಎಂದು ಬದಲಿಸಿದರೆ ಕೂಡಲೇ ಶೂಟಿಂಗ್ ಆರಂಭಿಸೋಣ ಎಂದರು. ಸುಮಾರು 900 ವರ್ಷ ಮಳೆಗಾಳಿಗೆ ಮೈಯೊಡ್ಡಿಯೂ ಅಳಿಯದ ಹೆಸರನ್ನು ನನ್ನ ಕೈಯಾರೆ ಅಳಿಸಲು ಮನಸ್ಸಾಗಲಿಲ್ಲ. ಚಿತ್ರ ಅಲ್ಲಿಗೇ ನಿಂತಿತು.

ಹಾಗೆಂದು ನಾನು ಕಲ್ಪಿಸುವುದೇ ಇಲ್ಲವೆಂದಲ್ಲ. ತಂದೆ ಮಗ ಯಾವುದಕ್ಕೆ ಮುನಿಸಿಕೊಂಡರು, ಬಳ್ಳಿಗಾವೆಯಲ್ಲಿ ಯಾರನ್ನು ಬಿಟ್ಟು ಬಂದರು ಎಂಬುದನ್ನು ಯಾವ ಶಾಸನವೂ ಹೇಳುವುದಿಲ್ಲ. ಅದನ್ನೆಲ್ಲ ನಾನೇ ಕಟ್ಟಬೇಕು. ಗಣಿಯಿಂದ ಆಗತಾನೇ ತೆಗೆದ ಬಳಪದ ಕಲ್ಲು ಮೆದುವಾಗಿದ್ದು, ಗಾಳಿಗೆ ಒಡ್ಡಿದಂತೆ ಗಟ್ಟಿಯಾಗುತ್ತದೆ ಎಂಬ ಸಂಗತಿಯಿಂದಲೇ ನನಗೊಂದು ದೃಶ್ಯ ಹೊಳೆದಿದೆ: ಚಾವಣನ ಮೊದಲ ಮದನಿಕೆ ಮುಗಿದಿದೆ, ಕಲ್ಲು ಬಿರುಸಾಗುವ ಮುನ್ನ ಹೆಸರು ಕೆತ್ತಬೇಕು, ಅವನು ತನ್ನ ಹೆಸರನ್ನು ಮೊದಲು ಬರೆಯಲೋ ತಂದೆಯದನ್ನೋ ಎಂದು ಉಳಿ ಹಿಡಿದು ಕುಳಿತಿದ್ದಾನೆ. ಈಗ ಬರೆಯುತ್ತಿರುವುದು ಆ ಪುಟವನ್ನು.